ಕವಿಯ ಮುಖಕ್ಕೆ ಹುಣಸೆಹಣ್ಣು

ಗಿರಿಜಾ, ಕವಿಯ ಮುಖ ಕೆಡಿಸಿದವಳು ನಾನು. ನೀನಲ್ಲ. ಹುಣಸೆಹಣ್ಣು, ಕಲ್ಲುಪ್ಪು, ಒಂದು ಹಿಡಿ ತೆಂಗಿನ ನಾರು — ಇಷ್ಟನ್ನು ಸ್ಟೀಲ್ ಡಬ್ಬಿಗೆ ತುಂಬಿಕೊಂಡು ಹೋಗಿ, ಈ ಕೈಯಿಂದಲೇ ಉಜ್ಜಿದೆ. ಆಮೇಲೆ ಇಷ್ಟು ವರ್ಷ ನಿನ್ನ ಪಕ್ಕದಲ್ಲೇ ವಾಕಿಂಗ್ ಮಾಡುತ್ತಾ ಅದನ್ನು ನುಂಗಿಕೊಂಡೇ ಇದ್ದೇನೆ.

ಎಲ್ಲೋ ಹಿಮ ಬೀಳುವ ದೇಶದವರು ಸ್ನೇಹದ ಕಾಣಿಕೆ ಎಂದು ತಮ್ಮ ಕವಿಯ ಕಂಚಿನ ಪ್ರತಿಮೆಯನ್ನು ನಮ್ಮ ಊರಿಗೆ ಕೊಟ್ಟರು. ಅದು ಹೇಗೋ ಸಹಕಾರನಗರದ ನಮ್ಮ ಪಾರ್ಕಿಗೇ ಬಂತು. ಬೆಂಚಿನ ಮೇಲೆ ಕೂತ ಕವಿ, ತೊಡೆಯ ಮೇಲೆ ತೆರೆದ ಪುಸ್ತಕ, ಪಕ್ಕದಲ್ಲಿ ಇನ್ನೊಬ್ಬರು ಕೂರುವಷ್ಟು ಜಾಗ. ಆ ಜಾಗ ನಿನ್ನದಾಯಿತು. ಧಾರವಾಡದಿಂದ ಬಂದು ಇಲ್ಲಿನ ಕಾಲೇಜಿನಲ್ಲಿ ಕನ್ನಡ ಪಾಠ ಹೇಳಿದವಳು ನೀನು, ಬೆಳಿಗ್ಗೆ ಬಂದವಳೇ ಒದ್ದೆ ಬಟ್ಟೆಯಿಂದ ಅವನ ತಲೆ ಮೇಲಿನ ಪಾರಿವಾಳದ ಹಿಕ್ಕೆ ಒರೆಸಿ, "ಹೆಂಗದಿ ಅಜ್ಜಾ, ರಾತ್ರಿ ನಿದ್ದಿ ಬಂತೋ ಇಲ್ಲೋ?" ಎಂದು ಕೇಳುತ್ತಿದ್ದೆ. ನಾನು ರೇಗಿಸುತ್ತಿದ್ದೆ: "ಅಲ್ಲ ಕಣೇ, ನಿನ್ ಗಂಡನ್ನ ಒಂದ್ ದಿನಾನಾದ್ರೂ ಹಿಂಗೆ ಕೇಳಿದ್ಯಾ?"

ಪ್ರತಿಮೆಗೆ ಒಂದು ವರ್ಷ ತುಂಬಿದಾಗ ಆ ದೇಶದ ರಾಯಭಾರಿ ಬರುತ್ತಾರೆಂದು ಸುದ್ದಿಯಾಯಿತು. ಕವಿಯ ಪದ್ಯವೊಂದನ್ನು ನೀನು ಕನ್ನಡಕ್ಕೆ ತಂದಿದ್ದೆ. ಅವರ ಮುಂದೆ ನೀನೇ ಓದುವುದೆಂದು ನಿಶ್ಚಯವಾಗಿತ್ತು. ಹೊಸ ಸೀರೆ ಆರಿಸಲು ನನ್ನನ್ನೇ ಎಳೆದುಕೊಂಡು ಹೋದೆ, ಅಂಗಡಿಯವನ ಮುಂದೆಯೂ ಪದ್ಯ ಗುನುಗಿದೆ. ಎಷ್ಟು ಮುದ್ದಾಗಿ ಕಾಣುತ್ತಿದ್ದೆ ಗೊತ್ತಾ ಆ ದಿನ!

ನಾನು ಯಲಹಂಕದ ಹಳೆಯ ಮನೆಯ ಹೆಣ್ಣು. ಹಬ್ಬ ಬಂತೆಂದರೆ ದೀಪ, ಚೊಂಬು, ಗಂಟೆ ಎಲ್ಲ ಫಳಫಳ ಹೊಳೆಯಬೇಕು, ಇಲ್ಲದಿದ್ದರೆ ನನಗೆ ಅನ್ನ ಇಳಿಯುವುದಿಲ್ಲ. ನಿನ್ನ ಕವಿ ಹಾಗೆ ಕಪ್ಪಗೆ ಕೂತಿದ್ದರೆ ಬಂದವರು ಏನಂದುಕೊಂಡಾರು? ನಿನ್ನ ದಿನ ಚೆನ್ನಾಗಿರಲಿ ಅಂತಲೇ — ಬೇಡ, ಅದು ನೆಪ.

ಹಿಂದಿನ ದಿನ ಮಧ್ಯಾಹ್ನ, ಪಾರ್ಕಿನ ದೊಡ್ಡ ಗೇಟು ಮುಚ್ಚಿದ್ದಾಗ, ಹಿಂದಿನ ಸಣ್ಣ ಗೇಟಿನಿಂದ ನುಗ್ಗಿದೆ. ಉಜ್ಜಿದಂತೆಲ್ಲ ಕೆನ್ನೆ ಹೊಳೆಯಿತು, ಮೂಗು ಹೊಳೆಯಿತು. ನನ್ನ ಖುಷಿಯೋ ಖುಷಿ! ನೀರು ಸುರಿದು, ಹಿಂದೆ ಸರಿದು ನೋಡಿದೆ. ಮೈಯೆಲ್ಲ ಕಪ್ಪು, ಮುಖ ಮಾತ್ರ ಆಗ ತಾನೇ ಬೆಳಗಿದ ತಂಬಿಗೆ. ಅಯ್ಯೋ ದೇವರೇ. ಆ ಕಪ್ಪು ಕೊಳೆಯಲ್ಲ, ಶಿಲ್ಪಿಯೇ ಬಯಸಿ ಕೊಟ್ಟ ಬಣ್ಣ ಎಂದು ತಿಳಿದದ್ದು ಮಾರನೆಯ ದಿನ; ಆದರೆ ಏನೋ ಹಾಳುಮಾಡಿದೆ ಎಂಬುದು ಆ ಕ್ಷಣವೇ ತಿಳಿದಿತ್ತು. ಡಬ್ಬಿಯನ್ನು ಸೆರಗಿನಲ್ಲಿ ಮುಚ್ಚಿಕೊಂಡು ಮನೆಗೆ ಬಂದುಬಿಟ್ಟೆ.

ಮಾರನೆಯ ಬೆಳಿಗ್ಗೆ ಆ ಮುಖ ನೋಡಿದ ಬಡಾವಣೆ ಸಂಘದ ಅಧ್ಯಕ್ಷರು ಎಲ್ಲರ ಮುಂದೆ ನನ್ನ ಕಡೆ ತಿರುಗಿದರು. "ನೀವು ದಿನಾ ಜೊತೇಲಿರ್ತೀರಲ್ಲ, ಗಿರಿಜಮ್ಮನೋರೇ ಅಲ್ವೇನ್ರೀ ಇದನ್ನ ಒರೆಸ್ತಿದ್ದಿದ್ದು?"

"ಹೂಂ, ದಿನಾ ಅವ್ರೇ ಒರೆಸೋದು" ಅಂದೆ.

ಅಷ್ಟೇ. ಅದರಲ್ಲಿ ಒಂದಕ್ಷರ ಸುಳ್ಳಿಲ್ಲ. ಅಂಥ ಸುಳ್ಳನ್ನು ನಾನು ಈ ಜನ್ಮದಲ್ಲಿ ಇನ್ನೊಂದು ಆಡಿಲ್ಲ. ನಿನ್ನ ಓದು ರದ್ದಾಯಿತು. ಹೊಸ ಸೀರೆ ಉಟ್ಟು ನೀನು ಕೊನೆಯ ಸಾಲಿನಲ್ಲಿ ಕೂತೆ, ನಾನು ನಿನ್ನ ಪಕ್ಕದಲ್ಲಿ.

ವಾಪಸ್ಸು ಬರುವಾಗ ನೀನು ಮೆಲ್ಲಗೆ, "ಖರೇನ ನನ್ನ ಒದ್ದಿ ಅರಬೀಲೇ ಹಿಂಗಾಗೇತೇನೋ" ಅಂದೆ. ಯಾರನ್ನಾದರೂ ಬೈದಿದ್ದರೆ ತಡೆದುಕೊಳ್ಳುತ್ತಿದ್ದೆ. ಒರೆಸುವ ಬಟ್ಟೆಯದೇ ತಪ್ಪೆಂದು ನೀನು ನಂಬಿಯೇ ಬಿಟ್ಟೆ — ನಿನ್ನ ಅಜ್ಜನನ್ನು ನೀನೇ ಕೆಡಿಸಿದೆ ಎಂದು. ಅಂದಿನಿಂದ ಆ ಬೆಂಚಿನ ತಿರುವು ಬಂದರೆ ಸಾಕು, ನನ್ನ ತೋಳು ಹಿಡಿದು "ಈ ಕಡೆ ನೆಳ್ಳೈತಿ, ಬಾ" ಅನ್ನುತ್ತೀ. ನಾನೂ ಬರುತ್ತೇನೆ, ಏನೂ ಅರಿಯದವಳ ಹಾಗೆ. ಮೊನ್ನೆ ನನಗೆ ಜ್ವರ ಬಂದಾಗ ಗಂಜಿ ತಂದು, ಆರಿಸಿ, ನೀನೇ ಕುಡಿಸಿದೆ. ಆಗಲಾದರೂ ಬಾಯಿ ಬಿಡಬಹುದಿತ್ತು —

ಕವಿಯ ಮುಖ ಈಗ ಮತ್ತೆ ಕಪ್ಪಾಗುತ್ತಿದೆ, ನೀನು ನೋಡಿಲ್ಲ. ತಲೆಯ ಮೇಲೆ ಹಿಕ್ಕೆ ಒಣಗಿದೆ, ಒರೆಸುವವರಿಲ್ಲ. ನಾಳೆ ಬೆಳಿಗ್ಗೆ ವಾಕಿಂಗಿಗೆ ಬಂದ ಎಲ್ಲರ ಮುಂದೆ, ಅಧ್ಯಕ್ಷರ ಮುಂದೆ, ನಾನೇ ಹೇಳುತ್ತೇನೆ. ಅದಕ್ಕೂ ಮೊದಲು ನಿನಗೆ ಹೇಳಬೇಕಿತ್ತು. ಕೇಳಿದ ಮೇಲೆ ನೀನು ನನ್ನ ಜೊತೆ ನಡೆಯದಿದ್ದರೂ ಸರಿ, ಅವನ ಪಕ್ಕದಲ್ಲಿ ಹೋಗಿ ಕೂತುಕೋ. ನಿನ್ನ ಬಟ್ಟೆ ಅವನಿಗೆ ಏನೂ ಮಾಡಿರಲಿಲ್ಲ, ಗಿರಿಜಾ. ಏನೂ ಮಾಡಿರಲಿಲ್ಲ.