ಹೊಸ್ತಿಲಾಚೆಯ ಓನರ್

ನಮ್ಮ ಓನರ್ ಎಂದರೆ ನನಗೆ ಮೊದಲು ನೆನಪಾಗುವುದು ಅವರ ಪಾದಗಳು. ಹಿಮ್ಮಡಿಯ ತುಂಬ ಬಿರುಕು, ಬಿರುಕಿನೊಳಗೆ ಕಬ್ಬಿಣದ ಪುಡಿಯೂ ಮೆಷಿನ್ ಎಣ್ಣೆಯೂ ಸೇರಿ ಕೂತ ಕಪ್ಪು. ಭಾನುವಾರ ಮನೆ ಹಿಂದಿನ ನಲ್ಲಿಯ ಹತ್ತಿರ ಕುಕ್ಕರಗಾಲಲ್ಲಿ ಕೂತು ಇಟ್ಟಿಗೆ ಚೂರಿನಿಂದ ತಿಕ್ಕುತ್ತಿದ್ದರು. ಹೋಗುತ್ತಿರಲಿಲ್ಲ. ತಿಂಗಳ ಮೊದಲ ವಾರ ಬಾಡಿಗೆಗೆಂದು ಬಂದಾಗ ಚಪ್ಪಲಿಯನ್ನು ಮೆಟ್ಟಿಲ ಕೆಳಗೆ ಬಿಟ್ಟು, ಹೆಬ್ಬೆರಳು ಹೊಸ್ತಿಲಿಗೆ ತಾಗುವಷ್ಟು ಹತ್ತಿರ ಬಂದು ನಿಂತುಬಿಡುತ್ತಿದ್ದರು. ಅದರಾಚೆಗೆ ಒಂದು ಬೆರಳೂ ಬರುತ್ತಿರಲಿಲ್ಲ.

"ಬನ್ನಿ ಅಂಕಲ್, ಕೂತ್ಕೊಳ್ಳಿ" ಎಂದರೆ, "ಬ್ಯಾಡಿ ಮೇಡಂ. ಬಾಡಿಗೆ ಕೊಡೋತಂಕ ಇದು ನಿಮ್ಮನೆ. ನಾನ್ಯಾಕೆ ನುಗ್ಗನ?" ಎನ್ನುತ್ತಿದ್ದರು. ಕಾಫಿ ಕೊಟ್ಟರೆ ನಿಂತೇ ಕುಡಿದು, ಲೋಟವನ್ನು ಹೊಸ್ತಿಲ ಪಕ್ಕ ಇಟ್ಟು ಹೋಗುತ್ತಿದ್ದರು.

ನಾಗಸಂದ್ರದ ಆ ಮನೆಗೆ ನಾವು ಬಂದಾಗ ಮದುವೆಯಾದ ಹೊಸತು. ನಾನು ಪೀಣ್ಯದ ಔಷಧಿ ಕಂಪನಿಯೊಂದರ ಪ್ಯಾಕಿಂಗ್ ವಿಭಾಗದಲ್ಲಿದ್ದೆ. ನನ್ನ ಗಂಡನಿಗೆ ಯಶವಂತಪುರದಲ್ಲಿ ಕೆಲಸ. ತುಮಕೂರು ರಸ್ತೆಯಲ್ಲಿ ಮೆಟ್ರೊ ಕಂಬಗಳು ಆಗಿನ್ನೂ ಏಳುತ್ತಿದ್ದವು, ಮನೆಯೊಳಗೆ ಬೆಳಿಗ್ಗೆ ಒರೆಸಿದ್ದಕ್ಕೆ ಸಂಜೆ ಮತ್ತೆ ಧೂಳು. ಮನೆ ನೋಡಲು ಹೋದ ದಿನ ಗೇಟಿನ ಹತ್ತಿರ ಖಾಕಿ ಅಂಗಿ ಹಾಕಿಕೊಂಡು ಗಿಡಕ್ಕೆ ನೀರು ಬಿಡುತ್ತಿದ್ದವರನ್ನು ನಾನು, "ಓನರ್ ಇದ್ದಾರಾ?" ಎಂದು ಕೇಳಿದೆ. ಅವರು ಪೈಪನ್ನು ಕೆಳಗಿಟ್ಟು, ಅಂಗಿಗೆ ಕೈ ಒರೆಸಿಕೊಂಡು, "ಅವ್ರೆ. ನಾನೇ" ಎಂದರು. ನನ್ನ ಗಂಡ ಆಮೇಲೆ ಇದನ್ನು ಹೇಳಿ ಹೇಳಿ ನನ್ನನ್ನು ಗೋಳು ಹುಯ್ದುಕೊಂಡರು.

ಕುಣಿಗಲ್ ಕಡೆಯವರು. ಹುಡುಗರಾಗಿದ್ದಾಗಲೇ ಪೀಣ್ಯಕ್ಕೆ ಬಂದು ಒಂದೇ ಕಾರ್ಖಾನೆಯಲ್ಲಿ ಕಬ್ಬಿಣ ಕಡೆಯುವ ಲೇತ್ ಮೆಷಿನ್ ಮುಂದೆ ನಿಂತವರು. ಸೈಟನ್ನು ಹೇಗೋ ಕೈಯ ದುಡ್ಡಿನಲ್ಲೇ ಕೊಂಡು, ಮನೆಗೆ ಮಾತ್ರ ಬ್ಯಾಂಕಿನಲ್ಲಿ ಹದಿನೈದು ವರ್ಷದ ಸಾಲ ಮಾಡಿದ್ದರು. ಬಡ್ಡಿ ತುಂಬ ಇಳಿದಿದ್ದ ಕಾಲ ಅದು. ಬ್ಯಾಂಕಿನವರು ಕಾರ್ಖಾನೆಯ ಗೇಟಿಗೇ ಬಂದು ಸಾಲ ಕೊಡುತ್ತಿದ್ದರಂತೆ. ಇವರು ತಮಗಿದ್ದ ಆಸೆಯನ್ನೆಲ್ಲ ಆ ಮನೆಯ ಮುಂಭಾಗಕ್ಕೆ ಹಾಕಿದ್ದರು. ತೇಗದ ಬಾಗಿಲು, ದೇವರ ಗೂಡಿಗೆ ಬೇರೆ ಬಣ್ಣದ ಟೈಲ್ಸ್, ಹಾಲಿನಲ್ಲಿ ಗಾಜಿನ ಷೋಕೇಸು. ಗೃಹಪ್ರವೇಶದ ದಿನ ಶಾಸ್ತ್ರಕ್ಕೆಂದು ಗಂಡ ಹೆಂಡತಿ ಆ ಹಾಲಿನಲ್ಲಿ ಒಂದು ರಾತ್ರಿ ಮಲಗಿದರು. ಮಾರನೆಯ ದಿನ ಗೇಟಿಗೆ 'ಮನೆ ಬಾಡಿಗೆಗಿದೆ' ಬೋರ್ಡು ಹಾಕಿ, ಕಟ್ಟುವಾಗ ಸಿಮೆಂಟ್ ಮೂಟೆ ಇಡಲು ಮನೆಯ ಹಿಂದೆ ಎಬ್ಬಿಸಿದ್ದ ಶೀಟಿನ ರೂಮಿಗೆ ಹೋದರು. ಬಾಡಿಗೆ ಬಂದರೆ ತಾನೆ ಕಂತು ಕಟ್ಟುವುದು? ಅದನ್ನವರು ತಮಾಷೆಯಾಗಿಯೇ ಹೇಳುತ್ತಿದ್ದರು. "ಸಾಲ ಮುಗೀಲಿ ಮೇಡಂ, ಮುಂದಕ್ ಬತ್ತೀವಿ."

ಆ 'ಮುಂದಕ್ ಬತ್ತೀವಿ' ಅವರ ಬಾಯಲ್ಲಿ ದೇವರ ಹೆಸರಿನ ಹಾಗೆ ಬರುತ್ತಿತ್ತು. ಏಪ್ರಿಲ್ ತಿಂಗಳಲ್ಲಿ ಶೀಟು ಕಾದು, ಅವರ ಹೆಂಡತಿ ಒದ್ದೆ ಟವಲನ್ನು ತಲೆಗೆ ಸುತ್ತಿಕೊಂಡು ಅಡುಗೆ ಮಾಡುತ್ತಿದ್ದರು. ಮಳೆ ಬಂದರೆ ಒಳಗೆ ಒಬ್ಬರ ಮಾತು ಒಬ್ಬರಿಗೆ ಕೇಳುತ್ತಿರಲಿಲ್ಲ. ಇಬ್ಬರೂ ಬಾಯಿ ಮುಚ್ಚಿಕೊಂಡು ಮಳೆ ನಿಲ್ಲುವುದನ್ನೇ ಕಾಯುತ್ತಿದ್ದರು. ಇದ್ದೊಬ್ಬ ಮಗಳನ್ನು ಆ ರೂಮಿನಿಂದಲೇ ತಿಪಟೂರಿಗೆ ಮದುವೆ ಮಾಡಿ ಕಳಿಸಿದ್ದು. ಗಂಡಿನ ಕಡೆಯವರು ಬಂದ ದಿನ ನಮಗಿಂತ ಮುಂಚಿನ ಬಾಡಿಗೆದಾರರ ಹತ್ತಿರ ಕೇಳಿ ಹಾಲಿನಲ್ಲಿ ಕೂರಿಸಬಹುದಿತ್ತು. ಇವರು ಕೇಳಲಿಲ್ಲ, ಗೇಟಿನೊಳಗಿನ ಚೂರು ಜಾಗದಲ್ಲಿ ಬಾಡಿಗೆ ಕುರ್ಚಿ ಹಾಕಿಸಿದರು. ಕೇಳುವುದು ಎಂದರೆ ಅವರಿಗೆ ಆಗುತ್ತಿರಲಿಲ್ಲ.

ಹೀಗಿದ್ದರೂ ಮುಂದಿನ ಮನೆಯ ಮೇಲೆ ಅವರ ಕಣ್ಣು ಇದ್ದೇ ಇರುತ್ತಿತ್ತು. ಯುಗಾದಿಗೆ ಮುಂಚೆ ತೇಗದ ಬಾಗಿಲಿಗೆ ಎಣ್ಣೆ ಹಚ್ಚುವುದು ಅವರೇ, ಹೊರಮೈಗೆ ಮಾತ್ರ. ಒಳಮೈಗೆ ಹಚ್ಚಲು ಎಣ್ಣೆಯ ಬಟ್ಟೆಯನ್ನು ನನ್ನ ಕೈಗೆ ಕೊಟ್ಟು, ಹೊರಗೆ ನಿಂತು, "ಅಂಗಲ್ಲ ಮೇಡಂ, ಮರದ ಗೆರೆ ನೋಡ್ಕಂಡು" ಎಂದು ಹೇಳಿಕೊಡುತ್ತಿದ್ದರು. ನನಗೆ ಸಿಟ್ಟು ಬರುತ್ತಿತ್ತು, ನಿಜ ಹೇಳಬೇಕೆಂದರೆ. ಗೋಡೆಗೆ ಮೊಳೆ ಹೊಡೆಯುವ ಹಾಗಿಲ್ಲ. "ಕ್ಯಾಲೆಂಡರ್‌ಗೆ ಅಂತ ನಾನೇ ಒಂದು ಹೊಡ್ದಿದೀನಲ್ಲ, ಅದುಕ್ಕೇ ಹಾಕ್ಕಳಿ" ಎನ್ನುತ್ತಿದ್ದರು. ನಮ್ಮ ಮದುವೆ ಫೋಟೊ ಷೋಕೇಸಿನೊಳಗೆ ಒರಗಿಯೇ ಇತ್ತು. ಅವರ ಹೆಂಡತಿಯಂತೂ ದಿನಾ ಬೆಳಿಗ್ಗೆ ನಾನು ಏಳುವ ಮುಂಚೆ ನಮ್ಮ ಬಾಗಿಲ ಮುಂದೆ ಗುಡಿಸಿ, ನೀರು ಹಾಕಿ, ರಂಗೋಲಿ ಬಿಟ್ಟು ಹೋಗಿರುತ್ತಿದ್ದರು. ನಾನು ಬಿಡ್ತೀನಿ ಎಂದರೆ, "ಬಾಗ್ಲು ನಂದಲ್ವಾ ಮೇಡಂ, ಒಳಗೆ ನಿಮ್ದು" ಎಂದು ನಕ್ಕರು.

ಓನರಿಗೆ ಬ್ಯಾಂಕಿನ ಮೇಲೆ ಬಹಳ ಅಭಿಮಾನ. ಬಾಡಿಗೆಗೆ ಬಂದಾಗ ನಮ್ಮ ಪೇಪರಿನ ಮುಖಪುಟವನ್ನು ಹೊರಗಿಂದಲೇ ಓದಿ, "ಬಡ್ಡಿ ಏರ್ತು, ಬಡ್ಡಿ ಏರ್ತು ಅಂತ ಬರ್ಕಂಡವ್ರೆ. ನಮ್ ಬ್ಯಾಂಕ್ನೋರು ನೋಡಿ, ಒಂದ್ರೂಪಾಯಿ ಜಾಸ್ತಿ ಮಾಡಿಲ್ಲ. ಮೊದಲ್ನೇ ತಿಂಗ್ಳು ಎಷ್ಟೋ ಈಗ್ಲೂ ಅಷ್ಟೇಯ" ಎನ್ನುತ್ತಿದ್ದರು. ಇನ್ನೊಂದು ಹೆಮ್ಮೆ, ಸಾಲ ಸಿಕ್ಕ ಮೇಲೆ ಅವರು ಬ್ಯಾಂಕಿನ ಮೆಟ್ಟಿಲು ಹತ್ತಿರಲಿಲ್ಲ. ಕಂತು ತಾನಾಗಿಯೇ ಖಾತೆಯಿಂದ ಹೋಗುತ್ತಿತ್ತು. ಅವರ ಲೆಕ್ಕದಲ್ಲಿ ಬ್ಯಾಂಕಿಗೆ ಹೋಗುವವರೆಂದರೆ ಕಂತು ತಪ್ಪಿಸಿ, ಮ್ಯಾನೇಜರ ಮುಂದೆ ಕೈಕಟ್ಟಿ ನಿಲ್ಲುವವರು. ಬ್ಯಾಂಕಿನಿಂದ ಏನಾದರೂ ಕಾಗದ ಬಂದರೆ, ಕಂತು ತಪ್ಪದವನಿಗೆ ಇದೆಲ್ಲ ಯಾಕೆ ಎಂದು ಓದುತ್ತಿರಲಿಲ್ಲ.

ನಿವೃತ್ತಿಯ ವರ್ಷ ಬಂತು. ಒಂದು ದಿನ ಹೊಸ್ತಿಲಾಚೆ ನಿಂತವರು ಬಾಡಿಗೆ ತೆಗೆದುಕೊಂಡ ಮೇಲೂ ಹೋಗಲಿಲ್ಲ. ಬಾಗಿಲ ಚೌಕಟ್ಟನ್ನು ಸವರುತ್ತ, "ಮೇಡಂ, ಬ್ಯಾಸರ ಮಾಡ್ಕಬ್ಯಾಡಿ. ಹತ್ ವರ್ಸ ಕಟ್ಟಾಯ್ತು. ಇನ್ನುಳಿದಿದ್ದ ಪಿಎಫ್ ಬಂದೇಟ್ಗೆ ಕಟ್ಬುಡ್ತೀನಿ. ಯುಗಾದಿಗೆ ನಾವು ಮುಂದಕ್ ಬರನ ಅಂತ. ನೀವೊಂದು ಮನೆ ನೋಡ್ಕಳಿ" ಎಂದರು. ಹೇಳುವಷ್ಟರಲ್ಲಿ ಬೆವರಿದ್ದರು. ನನಗೆ ಬೇಸರಕ್ಕಿಂತ ಸಂತೋಷವೇ ಆಯಿತು. ನಾವು ದಾಸರಹಳ್ಳಿಯಲ್ಲಿ ಮನೆ ಹುಡುಕತೊಡಗಿದೆವು. ಅವರ ಹೆಂಡತಿ ಕಿಟಕಿಯ ಅಳತೆ ತೆಗೆದುಕೊಂಡು ಹೋಗಿ ಪರದೆ ಹೊಲಿಸಿಟ್ಟುಕೊಂಡರು, ಹಸಿರು ಬಣ್ಣದ್ದು.

ಪಿಎಫ್ ಬಂದ ಮೇಲೆ ಬ್ಯಾಂಕಿಗೆ ಹೊರಟ ದಿನ ನನ್ನನ್ನೂ ಕರೆದರು. "ಇಂಗ್ಲೀಸ್ನಾಗೆ ಏನಾರ ಅಂದ್ರೆ ನೀವಿದ್ರೆ ಧೈರ್ಯ." ಇಸ್ತ್ರಿ ಮಾಡಿದ ಬಿಳಿ ಅಂಗಿ, ಕೈಯಲ್ಲಿ ಮೈಸೂರುಪಾಕಿನ ಡಬ್ಬ. ಇಷ್ಟು ವರ್ಷ ಒಂದು ರೂಪಾಯಿ ಏರಿಸದವರಿಗೆ ಸಿಹಿ ಕೊಡದೆ ಬರುವುದುಂಟೇ?

ಸಾಲದ ಮೇಜಿನಲ್ಲಿದ್ದವನು ಚಿಕ್ಕ ವಯಸ್ಸಿನ ಹುಡುಗ, ಒಳ್ಳೆಯವನೇ. ಖಾತೆ ತೆಗೆದು ನೋಡಿದ. ಮತ್ತೊಮ್ಮೆ ನೋಡಿದ.

"ಸಾರ್, ಕ್ಲೋಸ್ ಮಾಡೋಕೆ ಇದು ಸಾಕಾಗಲ್ಲ. ನಿಮ್ದು ಫ್ಲೋಟಿಂಗ್ ರೇಟ್, ಅಂದ್ರೆ ಬಡ್ಡಿ ಆಗಾಗ ಏರ್ತಾ ಇಳೀತಾ ಇರುತ್ತೆ. ರೇಟ್ ಏರಿದಾಗ ಇಎಂಐ ಏರಿಸಿದ್ರೆ ಕಸ್ಟಮರ್‌ಗೆ ಕಷ್ಟ ಅಂತ, ಅದನ್ನ ಹಾಗೇ ಇಟ್ಟು ವರ್ಷಗಳನ್ನ ಜಾಸ್ತಿ ಮಾಡ್ತೀವಿ. ನಿಮ್ಮ ಹದಿನೈದು ವರ್ಷ ಈಗ ಹತ್ತಿರತ್ತಿರ ಡಬಲ್ ಆಗಿದೆ. ಕಟ್ಟಿದ್ದರಲ್ಲಿ ಬಹಳಷ್ಟು ಬಡ್ಡಿಗೇ ಹೋಗಿದೆ ಸಾರ್, ಅಸಲು ಸ್ವಲ್ಪ ಮಾತ್ರ ಇಳಿದಿದೆ."

"ನಾನ್ ತಗಂಡಿದ್ದಷ್ಟನ್ನೂ ಆಗ್ಲೇ ಕಟ್ಟಿದೀನಲ್ಲಪ್ಪ?"

"ಹೌದು ಸಾರ್. ಅದಕ್ಕಿಂತ ಜಾಸ್ತಿನೇ ಕಟ್ಟಿದೀರ."

ಓನರ್ ಡಬ್ಬವನ್ನು ತೊಡೆಯ ಮೇಲೆ ಇಟ್ಟುಕೊಂಡು ಕಂಪ್ಯೂಟರಿನ ಪರದೆಯನ್ನು ನೋಡಿದರು. "ಇದು ಮುಗಿಯೋ ಹೊತ್ಗೆ ನಂಗೆ ಎಷ್ಟ್ ವಯಸ್ಸು ಅಂತ ಬಂದೈತಾ ಅದ್ರಾಗೆ?" ಎಂದು ಕೇಳಿದರು. ಹುಡುಗ ನನ್ನ ಮುಖ ನೋಡಿದ.

ಗೋಡೆಯ ಮೇಲೆ ಬೀಗದ ಕೈ ಹಿಡಿದು ನಗುವ ಜೋಡಿಯೊಂದರ ಚಿತ್ರ, ಕೆಳಗೆ ಕಡಿಮೆ ಬಡ್ಡಿಯ ಜಾಹೀರಾತು ಇತ್ತು. ಅದು ಇವರಿಗೆ ಯಾಕಿಲ್ಲ ಎಂದು ನಾನು ಕೇಳಿದೆ. "ಅದು ಹೊಸಬ್ರಿಗೆ ಮೇಡಂ. ಹಳಬ್ರು ಬಂದು ಅರ್ಜಿ ಕೊಟ್ಟು, ಸ್ವಲ್ಪ ಫೀಸ್ ಕಟ್ಟಿದ್ರೆ ಅವ್ರಿಗೂ ಇಳಿಸ್ತೀವಿ. ಇವ್ರು ಯಾವತ್ತೂ ಬಂದು ಕೇಳ್ಲೇ ಇಲ್ಲ."

ಎದ್ದು ಬರುವಾಗ ಓನರ್ ಮೈಸೂರುಪಾಕನ್ನು ಮೇಜಿನ ಮೇಲಿಟ್ಟರು. ಹುಡುಗ ಬೇಡವೆಂದ. "ತಂದಿದ್ ತಂದಾಯ್ತು, ತಿನ್ನಪ್ಪ" ಎಂದರು.

ಬಸ್ ಸ್ಟಾಪಿನಲ್ಲಿ ಕೂತೆವು. ಒಂದೆರಡು ಬಸ್ಸು ಬಂದು ಹೋದವು, ಅವರು ಏಳಲಿಲ್ಲ. ಕೊನೆಗೆ, "ಲೇತ್ ಮುಂದೆ ಕೂತೋನಂಗೆ ಬರೀ ಪೀಸ್ ಎಣಿಸ್ಕಂಡ್ ಕೂತ್ಬುಟ್ಟೆ ಮೇಡಂ. ಟೂಲ್ ಸವೀತಿರದ್ ನೋಡ್ಲಿಲ್ಲ" ಎಂದರು. ಆಮೇಲೆ, "ಕೇಳಿದ್ರೆ ಕಮ್ಮಿ ಮಾಡ್ತಿದ್ರಂತೆ. ಕೇಳ್ಬೋದು ಅಂತ್ಲೇ ಗೊತ್ತಿರ್ಲಿಲ್ಲ."

ಈ ಮನುಷ್ಯನಿಗೆ ಯಾರೂ ಮೋಸ ಮಾಡಿರಲಿಲ್ಲ, ಅದೇ ನನ್ನ ಹೊಟ್ಟೆ ಉರಿಸಿದ್ದು. ಮೋಸವಾಗಿದ್ದರೆ ಯಾರನ್ನಾದರೂ ಬೈಯಬಹುದಿತ್ತು. ಎಲ್ಲವೂ ಅವರೇ ಸಹಿ ಹಾಕಿದ ಕಾಗದದಲ್ಲಿತ್ತು. ಕಂತು ಏರದಿರುವುದನ್ನು ಅವರು ದೊಡ್ಡ ಉಪಕಾರವೆಂದುಕೊಂಡಿದ್ದರು; ಏರದೆ ಉಳಿದದ್ದೆಲ್ಲ ಶೀಟಿನ ಕೆಳಗಿನ ವರ್ಷಗಳಾಗಿ ಕೂಡುತ್ತ ಹೋಗಿತ್ತು.

ಪಿಎಫ್‌ನಲ್ಲಿ ಮಗಳ ಮದುವೆಯ ಕೈಸಾಲ ತೀರಿಸಿ, ಮಿಕ್ಕದ್ದನ್ನು ಬ್ಯಾಂಕಿಗೆ ಕಟ್ಟಿದರು. ಅರ್ಜಿ ಕೊಟ್ಟು ಬಡ್ಡಿಯನ್ನೂ ಇಳಿಸಿಕೊಂಡರು. ಆದರೂ ದೊಡ್ಡ ಮೊತ್ತವೇ ಉಳಿಯಿತು, ಸಂಬಳ ನಿಂತಿತ್ತು. ಇದೆಲ್ಲ ಮುಗಿದ ಮರುದಿನ ಬಂದು ಹೊಸ್ತಿಲಾಚೆ ನಿಂತು, "ಬ್ಯಾರೆ ಮನೆ ನೋಡ್ಬ್ಯಾಡಿ ಮೇಡಂ, ಇಲ್ಲೇ ಇರಿ. ನಿಮ್ಮಂಥೋರು ಸಿಗಲ್ಲ" ಎಂದರು. ಮನೆ ಖಾಲಿ ಮಾಡುವ ತಾಪತ್ರಯ ತಪ್ಪಿತೆಂದು ನನಗೆ ಒಳಗೊಳಗೇ ನಿರಾಳವಾಯಿತು, ಆ ನಿರಾಳಕ್ಕೆ ನಾಚಿಕೆಯೂ ಆಯಿತು. ಹಸಿರು ಪರದೆಯನ್ನು ಅವರ ಹೆಂಡತಿ ನನಗೇ ಕೊಟ್ಟರು. "ಈ ಕಿಟಕಿಗೇ ಹೊಲ್ಸಿದ್ದು, ಬ್ಯಾರೆ ಎಲ್ಲೂ ಆಗಕಿಲ್ಲ."

ಆಮೇಲೆ ಓನರ್ ಪೀಣ್ಯದಲ್ಲೇ ಒಂದು ಸಣ್ಣ ಷೆಡ್ಡಿಗೆ ದಿನಗೂಲಿಗೆ ಹೋಗತೊಡಗಿದರು, ಅದೇ ಲೇತ್ ಕೆಲಸ. 'ಮುಂದಕ್ ಬತ್ತೀವಿ' ಎನ್ನುವುದನ್ನು ನಿಲ್ಲಿಸಿದ್ದರು. ಯುಗಾದಿಗೆ ಬಾಗಿಲಿಗೆ ಎಣ್ಣೆ ಹಚ್ಚಲು ಬಂದರು, ಆದರೆ ಮರದ ಗೆರೆಯ ಮಾತು ಎತ್ತಲಿಲ್ಲ. ಒಂದು ದಿನ ನನ್ನ ಗಂಡ, ಕ್ಯಾಲೆಂಡರಿನ ಮೊಳೆ ಸಡಿಲವಾಗಿದೆ, ಇನ್ನೊಂದು ಹೊಡೆಯಲೇ ಎಂದು ಕೇಳಿದ್ದಕ್ಕೆ, "ಎಲ್ ಬೇಕಾರ ಹೊಡ್ಕಳಿ ಸಾರ್" ಎಂದುಬಿಟ್ಟರು. ಅವತ್ತು ನನಗೆ ಅಳು ಬಂತು. ನಾವು ಹೊಡೆಯಲಿಲ್ಲ, ಇದ್ದ ಮೊಳೆಯನ್ನೇ ಬಿಗಿ ಮಾಡಿದೆವು.

ಕೆಲಸದ ಜಾಗದಲ್ಲೇ ಎದೆ ಹಿಡಿದುಕೊಂಡು ಕೂತವರು ಮತ್ತೆ ಏಳಲಿಲ್ಲ. ಆಸ್ಪತ್ರೆಯಿಂದ ಆಂಬುಲೆನ್ಸ್ ಮನೆ ಮುಂದೆ ಬಂದಾಗ ಸಣ್ಣಗೆ ಮಳೆ ಹನಿಯುತ್ತಿತ್ತು. ಹಿಂದಕ್ಕೆ ಹೋಗುವ ಓಣಿಯಲ್ಲಿ ಒಬ್ಬರು ನಡೆಯುವಷ್ಟು ಮಾತ್ರ ಜಾಗ. ಸೈಟನ್ನೆಲ್ಲ ಮುಂದಿನ ಮನೆಗೇ ಬಳಸಿದ್ದರಲ್ಲ. ಸ್ಟ್ರೆಚರ್ ತಿರುಗಲಿಲ್ಲ. ಹೊತ್ತವರು ಮಳೆಯಲ್ಲಿ ನಿಂತುಬಿಟ್ಟರು. ರಸ್ತೆಯಲ್ಲೇ ಶಾಮಿಯಾನ ಹಾಕಿಸೋಣ ಎಂದು ಯಾರೋ ಹೇಳುತ್ತಿದ್ದರು.

ಅವರ ಹೆಂಡತಿ ನಮ್ಮ ಬಾಗಿಲಿಗೆ ಬಂದು, ಹೊಸ್ತಿಲಾಚೆ ನಿಂತು ಕೇಳಿದರು: "ಮೇಡಂ, ಒಂದ್ ಗಳಿಗೆ ಒಳಗೆ ಮಲಗಿಸ್ಲಾ? ಆಮ್ಯಾಕೆ ನಾನೇ ತೊಳ್ದು ಕೊಡ್ತೀನಿ."

"ಅಮ್ಮಾ, ನಿಮ್ಮನೆ ಇದು" ಎಂದೆ.

ನಾನೂ ನನ್ನ ಗಂಡನೂ ಸೋಫಾ ಸರಿಸಿ ಚಾಪೆ ಹಾಸಿದೆವು. ತೇಗದ ಬಾಗಿಲಿನ ಎರಡೂ ಕದ ತೆಗೆದೆವು. ಮೊದಲು ಒಳಗೆ ಬಂದದ್ದು ಆ ಪಾದಗಳು, ಬಿರುಕಿನ ತುಂಬ ಕಪ್ಪು ಹಾಗೇ ಇತ್ತು. ದೇವರ ಗೂಡಿಗೆ ಬಟ್ಟೆ ಮುಚ್ಚಿ, ಅವರೇ ಹೊಡೆದ ಮೊಳೆಯ ಕೆಳಗೆ ತಲೆ ಬರುವಂತೆ ಮಲಗಿಸಿದರು. ಹೆಂಡತಿ ಪಕ್ಕದಲ್ಲಿ ಕೂತು ಅತ್ತಿತ್ತ ನೋಡಿದರು, ಗೋಡೆ, ಷೋಕೇಸು, ಹಸಿರು ಪರದೆ. ಗೃಹಪ್ರವೇಶ ಆದ ಮೇಲೆ ಆ ಹಾಲಿನಲ್ಲಿ ಇಬ್ಬರೂ ಒಟ್ಟಿಗೆ ಇದ್ದದ್ದು ಅದೇ ಮೊದಲು. ಮಧ್ಯಾಹ್ನದ ಹೊತ್ತಿಗೆ ತೆಗೆದುಕೊಂಡು ಹೋದರು. ಅವರ ಹೆಂಡತಿ ಹೇಳಿದ ಹಾಗೆಯೇ, ನಾನೆಷ್ಟು ಬೇಡವೆಂದರೂ ಕೇಳದೆ, ಹಾಲಿನ ನೆಲ ತೊಳೆದುಕೊಟ್ಟರು.

ಸಾಲಕ್ಕೆ ವಿಮೆ ಮಾಡಿಸಿರಲಿಲ್ಲ. ಬ್ಯಾಂಕಿನವರು ಬಂದು ಸಂತಾಪ ಹೇಳಿ, ಕಂತು ಇನ್ನು ಮುಂದೆ ಯಾವ ಖಾತೆಯಿಂದ ಎಂದು ವಿಚಾರಿಸಿ ಹೋದರು. ನನ್ನ ಗಂಡನಿಗೆ ಆಗಾಗ ಫ್ಲ್ಯಾಟ್ ಕೊಳ್ಳುವ ಹುಕಿ ಬರುತ್ತದೆ. ತಿಂಗಳಿಗೆ ಇಷ್ಟೇ ಇಎಂಐ ಎಂದು ಕಾಗದ ತಂದು ತೋರಿಸುತ್ತಾರೆ. ಎಲ್ಲಿಯ ತನಕ ಎಂದು ಕೇಳಬೇಕೆಂಬುದನ್ನು ನಾನು ಕಲಿತದ್ದು ಓನರಿಂದ. ಅವರು ಅದಕ್ಕೆ ಕೊಟ್ಟ ಬೆಲೆಯನ್ನು ನೆನೆದರೆ, ಕಲಿತೆನೆಂದು ಹೇಳಿಕೊಳ್ಳಲೂ ಮುಜುಗರವಾಗುತ್ತದೆ.

ತಿಥಿ ಮುಗಿದ ಮೇಲಿನ ತಿಂಗಳು ಬಾಡಿಗೆಗೆ ಅವರ ಹೆಂಡತಿ ಬಂದರು. ಚಪ್ಪಲಿಯನ್ನು ಮೆಟ್ಟಿಲ ಕೆಳಗೆ ಬಿಟ್ಟು, ಹೊಸ್ತಿಲಿಗೆ ಹೆಬ್ಬೆರಳು ತಾಗಿಸಿ ನಿಂತರು. ಒಳಗೆ ಬನ್ನಿ ಅಮ್ಮಾ ಎಂದು ನಾನು ಕೈ ಹಿಡಿದು ಎಳೆದೆ. ಅವರು ಮೆಲ್ಲಗೆ ಕೈ ಬಿಡಿಸಿಕೊಂಡರು.

"ಬ್ಯಾಡಿ ಮೇಡಂ" ಎಂದರು. "ಸಾಲ ಮುಗೀಲಿ."