ಕಾಕಾ ಧರ್ಮ ಕಟ್ಟಿ ಊರು ಬಿಟ್ಟದ್ದು

ದಾಂಡೇಲಿಯ ಕಾಗದದ ಕಾರ್ಖಾನೆಯಿಂದ ನಿವೃತ್ತರಾದವರಲ್ಲಿ ಕೆಲವರು ಕಿರಾಣಿ ಅಂಗಡಿ ತೆಗೆಯುತ್ತಾರೆ, ಕೆಲವರು ಸಕ್ಕರೆ ಕಾಯಿಲೆ ಹಿಡಿಸಿಕೊಳ್ಳುತ್ತಾರೆ. ನಮ್ಮ ಕಾಕಾ ಒಂದು ಧರ್ಮ ಸ್ಥಾಪಿಸಿದರು. ಜೀವಮಾನವಿಡೀ ಯಂತ್ರಗಳ ಸದ್ದಿನಲ್ಲಿ ದುಡಿದು ಅರ್ಧ ಕಿವುಡಾಗಿದ್ದ ಅವರ ಬೋಧನೆ ಒಂದೇ: "ದೇವರ ಕಿವಿ ಚಲೋ ಅದಾವು. ಒದರಬ್ಯಾಡ್ರಿ." ಗಂಟೆ ಬೇಡ, ಮೈಕು ಬೇಡ, ಪೂಜಾರಿಯಂತೂ ಬೇಡವೇ ಬೇಡ. ಗುರುವಾರ ಸಂಜೆ ಅವರ ಪಡಸಾಲೆಯಲ್ಲಿ ಎಲ್ಲರೂ ಸುಮ್ಮನೆ ಕೂರಬೇಕು, ಅಷ್ಟೆ. ಮೊದಲ ಭಕ್ತೆ ನಾನು; ಅವರ ಹೆಂಡತಿ, ನಮ್ಮ ಕಾಕು, ಒಗ್ಗರಣೆ ಹಾಕಿ ಮಾಡುತ್ತಿದ್ದ ಚುರಮರಿ ಸೂಸಲ ತಿನ್ನಲು ಹೋಗುತ್ತಿದ್ದೆ.

ಓಣಿಯ ಅರ್ಧ ಮಂದಿ ಬರತೊಡಗಿದಾಗ ತೊಂದರೆ ಶುರುವಾಯಿತು. ಗಣಪತಿ ಮಂಡಳಿಯ ಭಜನೆಗೆ ಜನ ಸಾಲಲಿಲ್ಲ. ಕಾಕಾ ಮಾಟ ಮಾಡುತ್ತಾರೆಂದು ಸುದ್ದಿ ಹಬ್ಬಿತು. ಮನೆಯ ತಗಡಿನ ಮಾಡಿನ ಮೇಲೆ ಕಲ್ಲು ಬಿದ್ದವು. ಒಂದು ಗುರುವಾರ ಪಡಸಾಲೆಗೆ ನುಗ್ಗಿದ ಗುಂಪು ಅವರ ಮುಖಕ್ಕೆ ಮಸಿ ಬಳಿಯಿತು. ಭಕ್ತರೆಲ್ಲ ಧರ್ಮ ಪಾಲಿಸಿದೆವು, ಅಂದರೆ ಒಬ್ಬರೂ ಬಾಯಿ ಬಿಡಲಿಲ್ಲ. ಒದರಿದವರು ಕಾಕು ಒಬ್ಬರೇ. ಅವರ ಕೈಯಲ್ಲಿದ್ದ ಲಟ್ಟಣಿಗೆ ನೋಡಿ ಗುಂಪು ಚದುರಿತು.

ಹಿತ್ತಲಲ್ಲಿ ಕಾಕು ಕೊಬ್ಬರಿ ಎಣ್ಣೆ ಹಚ್ಚಿ ಮಸಿ ತಿಕ್ಕುವಾಗ ಕಾಕಾ ಕೇಳಿದರು:

"ನಾ ಯಾರಿಗೇನ ಮಾಡಿದ್ದೆ?"

"ಸುಮ್ಮ ಕುಂತಿದ್ರಿ. ಮಂದಿಗೆ ಅದ ಸಂಶಯ," ಎಂದರು ಕಾಕು.

ಗಲಾಟೆ ತಣ್ಣಗಾಗುವವರೆಗೆ ಇರಲೆಂದು ಮರುದಿನ ನಾನೇ ಕಾಕಾನನ್ನು ಹಳಿಯಾಳದ ಬಸ್ಸಿನಲ್ಲಿ ಕರೆದುಕೊಂಡು ತೇರಗಾಂವದ ಆಚೆಗಿನ ಹಳ್ಳಿಗೆ ಹೋದೆ. ಕಾರ್ಖಾನೆಯಲ್ಲಿ ಕಾಕಾನ ಜೊತೆಗಿದ್ದ, ಸಿದ್ದಿ ಜನಾಂಗದ ಗೆಳೆಯನೊಬ್ಬನ ತಾಯಿ ಅಲ್ಲಿ ಗದ್ದೆ ಮಾಡಿಕೊಂಡಿದ್ದರು. ಆ ಅಜ್ಜಿ ಹಿಂದಿನ ಕೋಣೆ ತೋರಿಸಿ ಕರಾರು ಹಾಕಿದರು: "ನಾ ಚರ್ಚಿಗೆ ಹೋಗಾಕಿ, ಸೊಸಿ ಹಿಂದೂ, ಅಳಿಯ ಮುಸಲ್ಮಾನ. ಹೆಂಗೋ ನಡದೈತಿ. ನೀವು ನಾಕನೇದ್ದು ತರಬ್ಯಾಡ್ರಿ. ನಾಳೆ ಕಳೆ ತೆಗ್ಯಾಕ ಬರ್ರಿ."

ಧರ್ಮಸಂಸ್ಥಾಪಕರು ಕೆಸರಿಗಿಳಿದರು.

ಆ ಮನೆಯಲ್ಲಿ ಸುಮ್ಮನಿರುವವರೇ ಇಲ್ಲ. ಕೊಂಕಣಿ, ಕನ್ನಡ ಕಲಸಿ ಎಲ್ಲರೂ ಒಟ್ಟಿಗೆ ಮಾತಾಡುತ್ತಾರೆ. ಕಾಕಾಗೆ ಕೇಳಲೆಂದು ಇನ್ನಷ್ಟು ಜೋರಾಗಿ. ಮೊದಲು ಮುಖ ಗಂಟಿಕ್ಕಿಕೊಂಡಿದ್ದ ಕಾಕಾ ಮಳೆಗಾಲ ಮುಗಿಯುವಷ್ಟರಲ್ಲಿ ತಾವೂ ನಡುವೆ ಬಾಯಿ ಹಾಕತೊಡಗಿದರು. ದೀಪಾವಳಿ ಮುಗಿಸಿ ಕಾಕುವೂ ಅಲ್ಲಿಗೇ ಹೋದರು.

ಹೋದ ವರ್ಷ ದಾಂಡೇಲಿಯ ಭಕ್ತರು ಧೈರ್ಯ ತಂದುಕೊಂಡು ಜೀಪು ಮಾಡಿಕೊಂಡು ಬಂದರು. ಕಾಕಾನ ಫೋಟೋಗೆ ಹಾರ ಹಾಕಿ ಪೂಜಿಸುತ್ತಿದ್ದಾರಂತೆ. ಇನ್ನು ಖುದ್ದು ಬಂದು ಗುರುಪೀಠದಲ್ಲಿ ಕೂರಬೇಕಂತೆ.

"ಹಾರ ಹಾಕೀರಲ್ಲ, ಫೋಟೋನ ಕುಂಡ್ರಸ್ರಿ," ಎಂದರು ಕಾಕಾ. "ನನಗಿಲ್ಲಿ ನಾಟಿ ಐತಿ."

ಭಕ್ತರು ಊಟ ಮಾಡಿ ಹೋದರು. ಈಗ ದಾಂಡೇಲಿಯಲ್ಲಿ, ಕಾಕಾ ಕಾಡಿನಲ್ಲಿ ತಪಸ್ಸಿಗೆ ಕೂತಿದ್ದಾರೆಂದು ಹೇಳುತ್ತಾರೆ. ಮೊನ್ನೆ ನಾನು ಹೋದಾಗ ಕಾಕಾ ಕಾಡಿಗೆ ಹೋಗಿದ್ದು ನಿಜ. ಅಜ್ಜಿಯ ಅಳಿಯನ ಜೊತೆ, ತಪ್ಪಿಸಿಕೊಂಡ ಎಮ್ಮೆ ಹುಡುಕಲು.