ಈಶಾನ್ಯದಲ್ಲಿ ನಿಲ್ಲಿಸಿದ ಕಾರು

ಮೊನ್ನೆ ರಿಪೇರಿಗೆ ಬಂದ ಹಳೆಯ ಮಾನಿಟರ್ ಬಿಚ್ಚಿದೆ. ಕಾದ ಧೂಳಿನ ವಾಸನೆ ಮೂಗಿಗೆ ಬಡಿದು, ಹೊಳೆನರಸೀಪುರದ ನಮ್ಮ ಮನೆಯ ಪಡಸಾಲೆ ಕಣ್ಣ ಮುಂದೆ ಬಂತು.

ಅಪ್ಪ ಕೊಬ್ಬರಿ ವ್ಯಾಪಾರದ ಲೆಕ್ಕಕ್ಕೆಂದು ಕಂಪ್ಯೂಟರ್ ತಂದಿದ್ದರು. ಲಾಭವಿಲ್ಲದ ಕೆಲಸಕ್ಕೆ ಕರೆಂಟ್ ಸುಡುವ ಪದ್ಧತಿ ನಮ್ಮಲ್ಲಿರಲಿಲ್ಲ. ಅದರಲ್ಲಿ ಆಟ ಕಂಡರೆ ಕಂಪ್ಯೂಟರನ್ನೇ ತಮ್ಮ ಕೊಬ್ಬರಿ ಮಂಡಿಗೆ ಸಾಗಿಸುತ್ತೇನೆ ಎಂದಿದ್ದರು. ನಾನು ಕಾರ್ ರೇಸ್ ಹಾಕಿಕೊಂಡಿದ್ದೆ. ಫೋಲ್ಡರಿನೊಳಗಿನ ಫೋಲ್ಡರು ತೆರೆದು ಅದನ್ನು ಹುಡುಕುವಷ್ಟರಲ್ಲಿ ಅಪ್ಪನ ಸ್ಕೂಟರ್ ಬಂದುಬಿಡುತ್ತಿತ್ತು. ಬೇಗ ಸಿಗಲೆಂದು ಡೆಸ್ಕ್‌ಟಾಪಿನಲ್ಲಿ ಶಾರ್ಟ್‌ಕಟ್ ಮಾಡಿ, ಅಪ್ಪನ ಕಣ್ಣು ಹೋಗದ ಬಲ ಮೇಲ್ತುದಿಗೆ ಸರಿಸಿದೆ.

ಆಯುಧಪೂಜೆಯ ದಿನ ವಿಭೂತಿ ಹಚ್ಚಲು ಬಂದ ಅಪ್ಪ ಪರದೆ ನೋಡಿದರು.

"ಇದೇನವ್ವಾ, ಕಾರು? ನಾಳೆನೇ ಮಂಡಿಗೆ ಓಯ್ತದೆ ಕಣ ಇದು."

ಹೂವಿನ ತಟ್ಟೆ ಹಿಡಿದಿದ್ದ ಅಜ್ಜಿ ಬಗ್ಗಿ ನೋಡಿದರು.

"ಮೇಲಿನ ಬಲಮೂಲೆ ಅಂದ್ರೆ ಈಶಾನ್ಯ, ದೇವ್ರ ಮೂಲೆ ಕಣ್ಲಾ. ಅಲ್ಲಿ ಗಾಡಿ ನಿಲ್ಸವ್ಳಲ್ಲ, ಬೈಯೋದಾದ್ರೆ ಅದ್ಕೆ ಬೈ. ವಾಯುವ್ಯಕ್ಕೆ ತಳ್ಳು, ಗಾಡಿ ಜಾಗ ಅದು."

"ಪರದೆಗೂ ದಿಕ್ಕಾ, ಅವ್ವ?"

"ಕೊಬ್ರಿ ಮೂಟೆ ಇಡಕ್ಕೆ ದಿಕ್ಕು ನೋಡ್ತೀಯಲ್ಲ, ಇದೇನು ಪಾಪ ಮಾಡ್ಯದೆ?"

ವಾಸ್ತುವನ್ನು ಅಪ್ಪ ಮೀರುವವರಲ್ಲ. ಮೌಸ್ ಹಿಡಿದು ಕಾರನ್ನು ಎಡಕ್ಕೆ ಎಳೆಯಹೋಗಿ ಎರಡು ಸಲ ಒತ್ತಿಬಿಟ್ಟರು. ಆಟ ತೆರೆದುಕೊಂಡಿತು. ನಾನು ಕಾರು ಓಡಿಸುವ ಬಟನ್ ತೋರಿಸಿದೆ, ಅಪ್ಪ ಒತ್ತಿದರು. ಕಾರು ಹೊರಟು ಬೇಲಿಗೆ ನುಗ್ಗಿತು.

"ಇದ್ಕೆ ಬ್ರೇಕ್ ಎಲ್ಲದೆ?" ಎಂದು ಕುರ್ಚಿ ಎಳೆದುಕೊಂಡರು.

ಕಂಪ್ಯೂಟರ್ ಮಂಡಿಗೆ ಹೋಗಲಿಲ್ಲ. ಅದರ ಮುಂದೆ ಕೂತು ಕಲಿತದ್ದೇ ಇವತ್ತು ಹಾಸನದಲ್ಲಿ ನನ್ನ ಅನ್ನ. ಸಂಜೆಯಾದರೆ ಅಪ್ಪ ನನ್ನ ರಿಪೇರಿ ಅಂಗಡಿಗೆ ಬಂದು, ಯಾವ ಮಷೀನು ಖಾಲಿ ಇದೆ ಎಂದು ಕೇಳುತ್ತಾರೆ. ನಾನು ಕಾರ್ ರೇಸ್ ತೆರೆದುಕೊಡುತ್ತೇನೆ.